ಪಾತಾಳಗರಡಿಯ ದೊಡ್ಡಮ್ಮ

ಕಳೆದ ವಾರ ಹಾಳಾದ ಮಿಕ್ಸಿ ಕೊಡಲು ಯಡ್ತರೆಯ ಗುಜರಿ ಅಂಗಡಿಗೆ ಹೋಗಿದ್ದೆ. ತಗಡಿನ ರಾಶಿಯ ಮೇಲೊಂದು ಪಾತಾಳಗರಡಿ ಬಿದ್ದಿತ್ತು. ಬಾವಿಗೆ ಬಿದ್ದ ಕೊಡಪಾನ ಎತ್ತುವ ಕಬ್ಬಿಣದ ಕೊಕ್ಕೆಗಳ ಗೊಂಚಲು. ತುಕ್ಕಿನ ವಾಸನೆ ಮೂಗಿಗೆ ಬಡಿದದ್ದೇ ಆಚೆಮನೆಯ ದೊಡ್ಡಮ್ಮ ನೆನಪಾದರು...

ಕಿರಿಮಂಜೇಶ್ವರದ ನಮ್ಮ ಕೇರಿಗೆಲ್ಲ ಇದ್ದದ್ದು ಅವರ ಮನೆಯದೊಂದೇ ಗರಡಿ. ಸುಮ್ಮನೆ ಕೊಡುವ ಕ್ರಮವಿರಲಿಲ್ಲ; ಅದು ತಿರುಗಿ ಬರುವವರೆಗೆ ನಮ್ಮದೊಂದು ಪಾತ್ರೆ ಅವರಲ್ಲಿ ಅಡವು.

ನಾನಾಗ ಎರಡನೇ ಕ್ಲಾಸು. ಅಮ್ಮ ಬೈಂದೂರು ಪೇಟೆಗೆ ಹೋಗಿದ್ದಾಗ, ಬೇಡವೆಂದಿದ್ದರೂ ನೀರು ಸೇದಲು ಹೋಗಿ ತಾಮ್ರದ ಕೊಡಪಾನ ಬಾವಿಗೆ ಬೀಳಿಸಿದೆ. ಅದು ಅಮ್ಮನ ತವರಿನದು. ಅವಳು ಬರುವುದರೊಳಗೆ ಮೇಲೆ ಬಾರದಿದ್ದರೆ ನನ್ನ ಕಥೆ ಮುಗಿದಂತೆಯೇ! ಅಡವಿಗೊಂದು ಚೊಂಬು ಹಿಡಿದು ಅಳುತ್ತಾ ಓಡಿದೆ.

ದೊಡ್ಡಮ್ಮ ಆಗಷ್ಟೇ ಭತ್ತದ ನಟ್ಟಿ ಮುಗಿಸಿ ಗದ್ದೆಯಿಂದ ಬಂದಿದ್ದರು. ಗರಡಿ ಹಿಡಿದು ನನ್ನ ಜೊತೆ ಬಂದವರು ಅದಕ್ಕೆ ಹಗ್ಗ ಕಟ್ಟಿ ನನ್ನ ಕೈಗೆ ಕೊಟ್ಟು, ಒಂದು ಕೈಯಿಂದ ನನ್ನ ಲಂಗ ಬಿಗಿಯಾಗಿ ಹಿಡಿದು, ಬಾವಿಕಟ್ಟೆಯ ಮೇಲೆ ಕೂತೇಬಿಟ್ಟರು.

"ನೀವೇ ತೆಗ್ದ್ ಕೊಡಿ, ದೊಡ್ಡಮ್ಮ" ಎಂದು ಇನ್ನಷ್ಟು ಅತ್ತೆ.

"ಮರ್ಕಿರೆ ಕೊಡಪಾನ ಮೇಲ್ ಬತ್ತಾ ಹೆಣೆ? ಎಲ್ ಬಿದ್ದದ್, ನೆನಪ್ ಮಾಡ್ ಕಾಂಬ."

ಬಾವಿಯ ನಡುವಿಗೇ ಗರಡಿ ಬಿಟ್ಟು ಬಿಟ್ಟು ಸೋತೆ. ಅಂಗೈ ಸುಲಿಯಿತು. ಅವರೋ, ಆಕಳಿಸಿದರು! ಎಂಥ ಕಲ್ಲು ಮನಸ್ಸಿನ ಹೆಂಗಸಪ್ಪಾ ಎಂದು ಸಿಟ್ಟು ಬಂತು. ಆಮೇಲೆ ಹೊಳೆಯಿತು. ಬೀಳುವಾಗ ಕೊಡಪಾನ ಗೋಡೆಗೆ ಬಡಿದ ಸದ್ದಾಗಿತ್ತು, ಸಂಪಿಗೆ ಗಿಡದ ಬದಿಗೆ. ಅಲ್ಲಿ ಬಿಟ್ಟೆ, ಹಗ್ಗ ಜಗ್ಗಿತು. ಆಗ ಮಾತ್ರ ಅವರ ಇನ್ನೊಂದು ಕೈ ಹಗ್ಗಕ್ಕೆ ಬಂತು.

ಈಗ ನನ್ನ ಮಗಳಿಗೆ ಐದು. ಕುಂದಾಪುರದ ಜವಳಿ ಅಂಗಡಿಯಲ್ಲಿ ದಿನವಿಡೀ ನಿಂತು ಮನೆ ಸೇರುವಷ್ಟರಲ್ಲಿ ಜೀವ ಹಣ್ಣಾಗಿರುತ್ತದೆ. ಅವಳಾಗಿಯೇ ಮಾಡಲಿ ಎಂದು ಕಾಯುವ ತಾಳ್ಮೆ ಎಲ್ಲಿಂದ ತರಲಿ? ಗುಂಡಿ, ಝಿಪ್ಪು, ಬಾಟಲಿಯ ಮುಚ್ಚಳ... ಎಲ್ಲ ನಾನೇ. ಹೀಗಾದರೆ ಇವಳಿಗೆ ಏನು ಬಂದೀತು ಎಂಬ ಹೆದರಿಕೆ ಬೇರೆ.

ನಿನ್ನೆ ಸಂಜೆ ಅವಳ ಚೆಂಡು ಕಪಾಟಿನ ಅಡಿಗೆ ಹೋಯಿತು. "ಅಮ್ಮಾ, ತೆಗ್ದ್ ಕೊಡ್!" ಎಂದು ರಂಪ. ಏಳಲು ಮೈಯಲ್ಲಿ ತ್ರಾಣವಿರಲಿಲ್ಲ, ಬಿದ್ದುಕೊಂಡೇ ನೋಡಿದೆ. ಅತ್ತಳು, ಕೈ ಹಾಕಿದಳು, ಸಿಗಲಿಲ್ಲ. ಸ್ಕೇಲ್ ತಂದಳು, ಸಾಲಲಿಲ್ಲ. ಕೊನೆಗೆ ಕಸ ಗುಡಿಸುವ ಹಿಡಿಸೂಡಿಯಿಂದ ಈಚೆಗೆ ಎಳೆಯುವ ಬದಲು ಆಚೆಗೆ ತಳ್ಳಿ, ಆ ಬದಿಗೆ ಓಡಿ ಹೆಕ್ಕಿದಳು. ನನ್ನ ಕಡೆ ತಿರುಗಿಯೂ ನೋಡಲಿಲ್ಲ.

ದೊಡ್ಡಮ್ಮನೂ ಅಂದು ಏಳಲಾರದೆಯೇ ಕೂತಿದ್ದರೋ ಏನೋ... ಇಷ್ಟು ವರ್ಷ ಅದನ್ನು ತಾಳ್ಮೆ ಎಂದುಕೊಂಡಿದ್ದೆ. ಕೇಳೋಣವೆಂದರೆ, ಕಳೆದ ಮಳೆಗಾಲದಲ್ಲಿ ಅವರು ಹೋಗಿಬಿಟ್ಟರು.