ಪಂಕ್ಚರ್ ತಿಂಗಳು

ಬಾಗಿಲು ತೆರೆದಾಗ ಹೊರಗೆ ನಿಂತಿದ್ದ ಹೆಂಗಸು ಹೆಸರು ಹೇಳಲಿಲ್ಲ, ಎಲ್ಲಿಂದ ಬಂದೆ ಎಂದೂ ಹೇಳಲಿಲ್ಲ. "ನಮ್ಮ ಕಡೆ ಇನ್ನೂ ಪಂಕ್ಚರ್ ತಿಂಗಳೇ ನಡೀತಾ ಇದೆ. ನಿಮ್ಮಲ್ಲಿ ಮುಗೀತಾ?" ಎಂದಳು.

ಬಾಗಿಲು ತೆರೆದ ಮಗಳು ಚಿಲಕದ ಮೇಲಿನ ಕೈ ತೆಗೆಯಲಿಲ್ಲ. ಆ ತಿಂಗಳ ಹೆಸರು ಇಡೀ ಭೂಮಿಯಲ್ಲಿ ಗೊತ್ತಿದ್ದದ್ದು ಮೂರೇ ಜನಕ್ಕೆ. ಅವಳಿಗೆ, ಅಮ್ಮನಿಗೆ, ಮತ್ತೆ ಲಕ್ವ ಹೊಡೆದು ಒಳಗೆ ಮಂಚದ ಮೇಲೆ ಮಲಗಿರುವ ಅಪ್ಪನಿಗೆ. ಈ ಗಳಿಗೆಯವರೆಗೂ ಅವಳು ಹಾಗೆಂದೇ ನಂಬಿದ್ದಳು.

ಅಪ್ಪ ಬೀದಿಗೆಲ್ಲ ಹಾರನ್ ಮಾಮ. ಬದುಕಿಡೀ ಒಂದೇ ದಾರಿಯಲ್ಲಿ ರಾತ್ರಿ ಬಸ್ಸು ಓಡಿಸಿದವನು. ವಾಪಸು ಬಂದಾಗ ಬಸ್ಸನ್ನು ಡಿಪೋಗೆ ಬಿಡುವ ಮುಂಚೆ ಬೀದಿಯ ತಿರುವಿನಲ್ಲಿ ಎರಡು ಸಲ ಹಾರನ್ ಹೊಡೆದು, ಮಲಗಿದ್ದವರನ್ನೆಲ್ಲ ಎಬ್ಬಿಸಿ, ಆಮೇಲೆ ಏನೂ ಅರಿಯದವನಂತೆ ಮನೆಗೆ ಬರುತ್ತಿದ್ದ. ಬೈಯಲು ಎದ್ದವರು ಅವನ ಮುಖ ನೋಡಿ ನಗುತ್ತಿದ್ದರು. ಅಂಥ ಮನುಷ್ಯ. ನಾಲ್ಕು ದಿನ ಇಲ್ಲಿದ್ದರೆ ಇನ್ನು ನಾಲ್ಕು ದಿನ ದಾರಿಯ ಆ ತುದಿಯಲ್ಲಿ, ಡ್ರೈವರುಗಳ ಕೋಣೆಯಲ್ಲಿ. ಹಾಗೆಂದು ಅವನೇ ಹೇಳುತ್ತಿದ್ದ.

ಒಂದು ವರ್ಷ ಮಗಳ ಹುಟ್ಟುಹಬ್ಬಕ್ಕೆ ಅಪ್ಪ ಬರಲಿಲ್ಲ. ಬಂದಾಗ ಅವಳು ಮುಖ ಊದಿಸಿಕೊಂಡು ಕೂತಿದ್ದಳು. ಆ ಕ್ಯಾಲೆಂಡರ್ ಹುಟ್ಟಿದ್ದು ಆಗಲೇ.

"ಡಿಪೋದಿಂದ ಹೊರಡೋ ಒಂದೊಂದು ಬಸ್ಸೂ ಒಂದೊಂದು ಲೋಕಕ್ಕೆ ಹೋಗುತ್ತೆ ಮರಿ," ಎಂದಿದ್ದ ಅಪ್ಪ. "ಲೋಕ ಬೇರೆ ಆದ್ರೆ ತಾರೀಕೂ ಬೇರೆ. ನಮ್ಮ ಬಸ್ಸಿಗೆ ಅದು ನಡುದಾರೀಲಿರೋ ಸೇತುವೆ ಮೇಲೆ ಬದಲಾಗುತ್ತೆ. ನಾನು ಈಚೆ ಬಂದ ಮೇಲೇ ತಾನೆ ಇಲ್ಲಿ ನಿನ್ನ ಹುಟ್ಟುಹಬ್ಬ?"

ತಿಂಗಳುಗಳ ಹೆಸರು ಗುಂಡಿ, ತಿರುವು, ಡೀಸೆಲ್, ಪಂಕ್ಚರ್, ಮಂಜು. ಗುಂಡಿ ತಿಂಗಳಲ್ಲಿ ಕುಲುಕಾಟಕ್ಕೆ ಒಂದೆರಡು ದಿನ ದಾರಿಯಲ್ಲೇ ಉದುರಿಹೋಗುತ್ತವೆ. ಡೀಸೆಲ್ ತಿಂಗಳಲ್ಲಿ ಭಾನುವಾರ ಎರಡೆರಡು ಸಲ ಬರುತ್ತದೆ. ಪಂಕ್ಚರ್ ತಿಂಗಳು ಯಾವಾಗ ಮುಗಿಯುತ್ತದೆಂದು ಯಾವ ಲೋಕದಲ್ಲೂ ಯಾರಿಗೂ ಗೊತ್ತಿಲ್ಲ. ಅಪ್ಪ ಬಂದ ದಿನ ಅದು ಮುಗಿದು ಮಂಜು ಒಂದನೇ ತಾರೀಕಾಗುತ್ತದೆ. ಹುಟ್ಟುಹಬ್ಬ ಅಂದೇ.

"ಡ್ಯೂಟಿಗೆ ಚಕ್ಕರ್ ಹಾಕೋರಿಗೆ ಹೇಳಿ ಮಾಡಿಸಿದ ಕ್ಯಾಲೆಂಡರು," ಎಂದು ಅಮ್ಮ ಹೊಲಿಗೆ ಯಂತ್ರ ತುಳಿಯುತ್ತಲೇ ಗೊಣಗುತ್ತಿದ್ದಳು. ಬಸ್ಸಿನ ಸೀಟುಗಳಿಗೆ ರೆಕ್ಸಿನ್ ಕವರು ಹೊಲಿಯುವುದು ಅವಳ ಕೆಲಸ.

ಅಷ್ಟಕ್ಕೇ ಮುಗಿಯಲಿಲ್ಲ. ಆ ಲೋಕದಲ್ಲೂ ಒಬ್ಬಳು ನೀನಿದ್ದೀಯ, ಇದೇ ಮೂಗು, ಇದೇ ಹಟ ಎಂದು ಅಪ್ಪ ಹೇಳಿದ. ಹುಡುಗಿ ನಂಬಿದಳು. ಆ ಕಡೆಯ ತನಗೆ ರಿಬ್ಬನ್ನು ಕಳಿಸಿದಳು, ರಬ್ಬರನ್ನು ಅರ್ಧ ಮಾಡಿ ಕಳಿಸಿದಳು. ಅಮ್ಮನನ್ನು ಕಾಡಿ ಕೆಂಪು ರೆಕ್ಸಿನ್ ಚೂರಿನಲ್ಲಿ ಒಂದು ಪರ್ಸು ಹೊಲಿಸಿ ಕಳಿಸಿದಳು. ಆ ಕಡೆಯಿಂದ ಗಾಜಿನ ಗೋಲಿ ಬಂತು, ಹಕ್ಕಿಯ ಗರಿ ಬಂತು, ಒಂದು ಸಲ ಹಾಲುಹಲ್ಲು ಬಂತು. ದೊಡ್ಡವಳಾದ ಮೇಲೆ, ಅಪ್ಪ ಎಷ್ಟು ಚೆನ್ನಾಗಿ ಕಿವಿ ಮೇಲೆ ಹೂವಿಟ್ಟ ಎಂದು ನೆನೆದು ನಗುತ್ತಿದ್ದಳು. ಆ ಹಲ್ಲು ಯಾರದೆಂದು ಮಾತ್ರ ಯಾವತ್ತೂ ಕೇಳಿರಲಿಲ್ಲ.

ಈಗ ಹೊಸ್ತಿಲಾಚೆ ನಿಂತವಳ ಕೈಯಲ್ಲಿ ಆ ಪರ್ಸು ಇತ್ತು. ಮುಖದ ಮೇಲೆ ಅದೇ ಮೂಗು ಇತ್ತು.

ಮಗಳಿಗೆ ಬಾಗಿಲು ಹಾಕಿಬಿಡಬೇಕೆನಿಸಿತು. ಹಾಕಲಾಗಲಿಲ್ಲ.

"ಅಡ್ರೆಸ್ ಹಳೇ ಕಂಡಕ್ಟರ್ ಕೊಟ್ರು," ಎಂದಳು ಹೆಂಗಸು. "ಅಪ್ಪ, ಈ ಸಲ ಪಂಕ್ಚರ್ ತಿಂಗಳು ಸ್ವಲ್ಪ ಉದ್ದ ಮರಿ ಅಂದು ಹೋದ್ರು. ಆಮೇಲೆ ಬರಲೇ ಇಲ್ಲ. ರಿಟೈರ್ ಆದ್ರು ಅಂತ ಗೊತ್ತಾಗಿದ್ದೇ ಈಗ. ಅಮ್ಮ ಹೋದ ವರ್ಷ ತೀರಿಕೊಂಡ್ಳು. ಕೊನೇವರೆಗೂ ಹಾರನ್ನಿಗೆ ಕಿವಿ ಕೊಟ್ಕೊಂಡೇ ಇದ್ಳು."

ಮರಿ. ಆ ಮಾತು ತನ್ನೊಬ್ಬಳದೇ ಎಂದುಕೊಂಡಿದ್ದಳು ಮಗಳು. ಎದುರಿಗಿದ್ದವಳ ತಾಯಿ ಸತ್ತ ಸುದ್ದಿಗಿಂತ ಮೊದಲು ಅದಕ್ಕೇ ಅವಳ ಹೊಟ್ಟೆ ಉರಿಯಿತು. ಉರಿದದ್ದಕ್ಕೆ ನಾಚಿಕೆಯೂ ಆಯಿತು.

"ಅಮ್ಮ ಮಾರ್ಕೆಟ್ಟಿಗೆ ಹೋಗಿದ್ದಾಳೆ," ಎಂದಳು. "ಅವಳು ಬರೋದರೊಳಗೆ ನೀವು ಹೊರಟುಬಿಡಬೇಕು. ಗೊತ್ತಾದ್ರೆ ಅವಳು ತಡಕೊಳ್ಳಲ್ಲ."

"ಒಂದು ಸಲ ನೋಡಿ ಹೋಗ್ತೀನಿ. ಅಷ್ಟೇ."

ಅಪ್ಪ ಗೋಡೆಯ ಕಡೆ ಮುಖ ಮಾಡಿ ಮಲಗಿದ್ದ. ಲಕ್ವ ಹೊಡೆದಂದಿನಿಂದ ಅವನ ಬಾಯಿಂದ ಒಂದು ಮಾತೂ ಹೊರಟಿರಲಿಲ್ಲ. ಮಗಳು ಅವನನ್ನು ಮೆಲ್ಲಗೆ ಈಚೆ ಹೊರಳಿಸಿದಳು. ಅವನ ಕಣ್ಣು ಪರ್ಸಿನ ಮೇಲೆ ನಿಂತಿತು, ಅಲ್ಲಿಂದ ಮೇಲೆ ಹೋಗಿ ಮುಖದ ಮೇಲೆ ನಿಂತಿತು. ಸೊಟ್ಟಗಾದ ತುಟಿ ಅಲುಗಿತು.

"ಮಂಜು," ಎಂದ. ತಡೆದು, ಉಸಿರೆಳೆದುಕೊಂಡು, "ಒಂದು," ಎಂದ.

ಬಂದವಳು ಮಂಚದ ಪಕ್ಕ ಕುಸಿದು ಕೂತು ಅತ್ತಳು. ಮಗಳು ಅಪ್ಪನ ಹೆಗಲ ಮೇಲಿನ ಕೈ ತೆಗೆದಳು. ಇಷ್ಟು ದಿನ ಬಾಯಿ ಒರೆಸಿ ಮಗ್ಗುಲು ಬದಲಿಸಿದ ತನಗೆ ಸಿಗದ ಮಾತು ಇವಳಿಗೆ ಸಿಕ್ಕಿತು. ಅಪ್ಪನನ್ನು ಹಿಡಿದು ಅಲುಗಾಡಿಸಬೇಕೆನಿಸಿತು. ಅದೇ ಹೊತ್ತಿಗೆ, ಅಯ್ಯೋ ಮಾತಾಡಿದನಲ್ಲ ಎಂದು ಕಣ್ಣೂ ತುಂಬಿತು.

ಹಿಂದೆ ಕೈಚೀಲ ಕೆಳಗಿಟ್ಟ ಸದ್ದಾಯಿತು. ಅಮ್ಮ ಬಾಗಿಲಲ್ಲಿದ್ದಳು. ಎಷ್ಟು ಹೊತ್ತಿನಿಂದ ನಿಂತಿದ್ದಳೋ.

"ನಾನು ಕೆಲಸ ಮಾಡೋ ಅಂಗಡಿಯವರಮ್ಮ," ಎಂದು ಮಗಳು ಶುರು ಮಾಡಿದಳು. ಸುಳ್ಳು ಅರ್ಧಕ್ಕೇ ನಿಂತಿತು.

ಅಮ್ಮ ಅವಳ ಕಡೆ ನೋಡಲೇ ಇಲ್ಲ. ಹತ್ತಿರ ಬಂದು ಪರ್ಸನ್ನು ಕೈಗೆ ತೆಗೆದುಕೊಂಡು, ಮೂಲೆ ತಿರುಗಿಸಿ, ಎರಡೆಳೆ ಹಾಕಿ ಗಂಟು ಮುಚ್ಚಿದ ಕಡೆ ಬೆರಳಾಡಿಸಿದಳು.

"ಈ ಹೊಲಿಗೆ ನಂದು," ಎಂದಳು. ಆಮೇಲೆ ಬಂದವಳ ಮೂಗನ್ನೇ ನೋಡುತ್ತ, "ನಿನ್ನ ವಯಸ್ಸೆಷ್ಟಮ್ಮ?" ಎಂದು ಕೇಳಿದಳು.

ಅವಳು ಹೇಳಿದಳು. ಮಗಳಿಗಿಂತ ಮೂರು ವರ್ಷ ದೊಡ್ಡವಳು. ಅಮ್ಮನ ಮದುವೆಗಿಂತಲೂ ದೊಡ್ಡವಳು.

ಅಪ್ಪ ಕಣ್ಣು ಮುಚ್ಚಿಕೊಂಡ. ಅಮ್ಮ ಹೊಲಿಗೆ ಯಂತ್ರದ ಸ್ಟೂಲು ಎಳೆದುಕೊಂಡು ಕೂತಳು. ಪರ್ಸು ಅವಳ ಮಡಿಲಲ್ಲಿತ್ತು.

"ಹಾಗಾದ್ರೆ," ಎಂದಳು ಮಗಳಿಗೆ, "ಇಷ್ಟು ವರ್ಷ ಸೇತುವೆ ಆಚೆ ಇದ್ದೋರು ನಾವು ಕಣೇ."