ರಹಿಮಾಬಿ ತಂದ ತಡೆಯಾಜ್ಞೆ

ಇಂಡಿ ಪಟ್ಟಣದ ನಮ್ಮ ಕಾಲನಿಯಲ್ಲಿ ರಹಿಮಾಬಿಯವರನ್ನು ಹೆಸರು ಹಿಡಿದು ಕರೆಯುವವರಿಲ್ಲ. ಎಲ್ಲರಿಗೂ ಅವರು ನರ್ಸಬಾಯಾರು. ಮೂವತ್ತೊಂದು ವರ್ಷ ತಾಂಬಾ ಮತ್ತು ಸುತ್ತಲಿನ ಹಳ್ಳಿಗಳಲ್ಲಿ ಹೆರಿಗೆ, ಚುಚ್ಚುಮದ್ದು ಎಂದು ನಡೆದಾಡಿ ನಿವೃತ್ತರಾದವರು. ನೌಕರರ ಗೃಹ ನಿರ್ಮಾಣ ಸಹಕಾರಿ ಸಂಘ ಪ್ಲಾಟು ಹಂಚಿದಾಗ ಎಲ್ಲರೂ ದೊಡ್ಡ ರಸ್ತೆಗೆ ಹತ್ತಿರದ್ದು ಬೇಕೆಂದರೆ, ಇವರು ಹಿಂದಿನ ಸಾಲಿನದನ್ನು ಕೇಳಿ ಪಡೆದರು. ಅದರ ಎದುರಿಗೆ ನಕ್ಷೆಯಲ್ಲಿ ಉದ್ಯಾನವಿತ್ತು. ಉದ್ಯಾನವೆಂದರೆ ಆಗ ಬರೀ ಬಯಲು. ಆದರೂ ದಿನಾ ಬೆಳಿಗ್ಗೆ ಅದರ ಸುತ್ತ ಹತ್ತು ಸುತ್ತು ಹಾಕದೆ ಅವರು ಚಹಾ ಕುಡಿಯುತ್ತಿರಲಿಲ್ಲ.

ಒಂದು ಸೋಮವಾರ ಸುತ್ತು ಹಾಕಲು ಹೋದರೆ ಅಲ್ಲಿ ಒಂದು ಟ್ರ್ಯಾಕ್ಟರ್ ಕಲ್ಲು ಬಿದ್ದಿತ್ತು. ಸುಣ್ಣದ ಗೆರೆ ಎಳೆದಿದ್ದರು. ಖಾಕಿ ಅಂಗಿಯ ಒಬ್ಬರು ಟೇಪು ಹಿಡಿದು ನಿಂತಿದ್ದರು.

“ಯಾರ್ರಿ ನೀವು? ಇದು ಪಾರ್ಕಿನ ಜಾಗಾ ಐತ್ರಿ.”

“ನಾ ಸಂಗಮೇಶ್ರಿ, ಡಿಪೋದಾಗ ಬಸ್ ಡ್ರೈವರ್ ಅದೇನಿ. ಈ ಜಾಗಾ ಸಂಘದವ್ರು ನನಗ ಹಂಚ್ಯಾರ. ಪತ್ರ ಐತ್ರಿ ನನ್ನ ಕಡೆ.”

ಪತ್ರ ಇದ್ದದ್ದು ನಿಜ. ಅಧ್ಯಕ್ಷರ ಸಹಿ, ಸಂಘದ ಮೊಹರು ಎರಡೂ ಇದ್ದವು. ರಹಿಮಾಬಿ ಅದನ್ನು ಎರಡು ಸಲ ಓದಿ, ಮನೆಗೆ ಬಂದು, ಟ್ರಂಕಿನಿಂದ ಹಳೆಯ ನಕ್ಷೆ ತೆಗೆದುಕೊಂಡು ನೇರವಾಗಿ ಭುವನೇಶ್ವರಿ ವಕೀಲರ ಮನೆಗೆ ಹೋದರು.

ದಾವೆ ಹೂಡಿದ್ದಾಯಿತು. ಇಂಥ ತಕರಾರು ಸಹಕಾರ ಇಲಾಖೆಯ ಮುಂದೆ ಹೋಗಬೇಕು, ಕೋರ್ಟಿಗೆ ಅಲ್ಲ ಎಂದು ಸಂಘದ ವಕೀಲರು ವಾದಿಸಿದರು. ಉದ್ಯಾನ ಊರಿಗೆ ಬಿಟ್ಟ ಜಾಗ, ಸಂಘದ ಒಳಜಗಳವಲ್ಲ ಎಂದು ಭುವನೇಶ್ವರಿ ನಕ್ಷೆ ತೋರಿಸಿದರು. ದಾವೆ ತೀರುವವರೆಗೆ ಎರಡೂ ಕಡೆಯವರು ಜಾಗವನ್ನು ಇದ್ದ ಸ್ಥಿತಿಯಲ್ಲೇ ಇಡಬೇಕೆಂದು ನ್ಯಾಯಾಧೀಶರು ತಡೆಯಾಜ್ಞೆ ಕೊಟ್ಟರು. ಅಂದು ರಹಿಮಾಬಿ ಕಾಲನಿಗೆಲ್ಲ ರವೆಯ ಶಿರಾ ಮಾಡಿ ಹಂಚಿದರು.

ಮರುದಿನವೇ ಅವರು ಆಳು ಕರೆತಂದು ಆ ಕಲ್ಲು ಸಾಗಿಸಲು ನಿಂತರು. ಯಾರೋ ಫೋನು ಮಾಡಿರಬೇಕು, ಭುವನೇಶ್ವರಿ ಸ್ಕೂಟಿ ಹತ್ತಿ ಓಡಿಬಂದರು.

“ಬಾಯಾರ, ಕಲ್ಲಿಗೆ ಕೈ ಹಚ್ಚಬ್ಯಾಡ್ರಿ! ಇದ್ದಂಗ ಇರಬೇಕಂದ್ರ ನಿಮಗೂ ಅನ್ವಯ ಆಗ್ತೈತಿ.”

“ಸ್ಟೇ ತಂದಾಕಿ ನಾನ ಅಲ್ಲೇನ್ರಿ?”

“ತಂದವ್ರು ನೀವ ಖರೆ. ಕಟ್ಟಿ ಹಾಕೂದು ಇಬ್ಬರನ್ನೂ.”

ಹೀಗೆ ಯಾರೂ ಮುಟ್ಟದ ಜಾಗದಲ್ಲಿ ಎರಡು ಮಳೆಗಾಲದೊಳಗೆ ಜಾಲಿ ಆಳೆತ್ತರ ಬೆಳೆಯಿತು. ನಡೆಯಲು ದಾರಿ ಉಳಿಯಲಿಲ್ಲ. ಪಕ್ಕದ ಮನೆಯ ಬಚ್ಚಲಿಗೆ ಹಾವು ಬಂದಾಗ ಜನ ರಹಿಮಾಬಿಯವರ ಮೇಲೆ ತಿರುಗಿಬಿದ್ದರು. “ಪಾರ್ಕ್ ತರ್ತೇನಿ ಅಂದ್ರಿ, ಅಡವಿ ತಂದ್ರಲ್ರಿ ಬಾಯಾರ” ಎಂದು ಅವರೆದುರೇ ಅಂದರು. ಅವರಿಗೂ ಹೌದೆನ್ನಿಸಿತು. ಆ ಜಾಲಿಕಂಟಿ ಕಡಿಯಲು ಅನುಮತಿ ಕೇಳಿ ಅರ್ಜಿ ಹಾಕಿಸಿದರು. ನ್ಯಾಯಾಧೀಶರು ಅರ್ಜಿ ಓದಿ ನಕ್ಕರಂತೆ. ಇಬ್ಬರೂ ಎದುರಿಗಿದ್ದು ಕಡಿಸಿರಿ, ಕಂಟಿ ಬಿಟ್ಟು ಬೇರೇನನ್ನೂ ಮುಟ್ಟಬೇಡಿ ಎಂದು ಆದೇಶಿಸಿದರು.

ಒಂದು ರವಿವಾರ ಸಂಗಮೇಶ ಕೊಡಲಿ ಹಿಡಿದು ಬಂದರು. ಎರಡು ವರ್ಷ ಕೋರ್ಟಿನ ಪಡಸಾಲೆಯಲ್ಲಿ ಮುಖ ತಿರುಗಿಸಿಕೊಂಡು ಕೂತವರು, ಅಂದೂ ರಹಿಮಾಬಿಯವರತ್ತ ನೋಡದೆ ಆಚೆ ತುದಿಯಿಂದ ಕಡಿಯತೊಡಗಿದರು. ಹತ್ತು ಗಂಟೆಗೆ “ಅಯ್ಯೋ” ಎಂಬ ಕೂಗು ಕೇಳಿಸಿತು. ಜಾಲಿಮುಳ್ಳು ಚಪ್ಪಲಿ ತೂರಿ ಅಂಗಾಲಿಗೆ ನೆಟ್ಟಿತ್ತು.

ರಹಿಮಾಬಿ ಅವರನ್ನು ತಮ್ಮ ಕಟ್ಟೆಯ ಮೇಲೆ ಕೂರಿಸಿ, ಸೂಜಿ ಕಾಯಿಸಿ ಮುಳ್ಳು ತೆಗೆದರು.

“ಧನುರ್ವಾತದ ಇಂಜೆಕ್ಷನ್ ಯಾವಾಗ ಮಾಡಿಸಿದ್ರಿ?”

“ನೆನಪಿಲ್ರಿ.”

“ಡ್ರೈವರ ಕಾಲು ಅಂದ್ರ ಹಗರ ಅಲ್ಲ. ಇವತ್ತ ದವಾಖಾನಿಗೆ ಹೋಗಿ ಮಾಡಿಸ್ಕೋರಿ.”

ಪಟ್ಟಿ ಕಟ್ಟಿದ ಕಾಲನ್ನೇ ನೋಡುತ್ತ ಸಂಗಮೇಶ ಮೆಲ್ಲಗೆ ಹೇಳಿದರು: “ಬಾಯಾರ, ನಾ ಯಾರ ಜಾಗಾನೂ ಕಸಗೊಳ್ಳಾಕ ಬಂದಾಂವ ಅಲ್ರಿ. ಹದಿನೆಂಟ ವರ್ಷ ಆತು ಮೆಂಬರ್ ಆಗಿ. ಇದು ಪಾರ್ಕ್ ಅಂತ ಅಧ್ಯಕ್ಷರು ಹೇಳ್ಲೇ ಇಲ್ಲ.”

ಇಷ್ಟು ದಿನ ಈ ಮನುಷ್ಯನನ್ನು ಕಳ್ಳನೆಂದೇ ತಿಳಿದಿದ್ದೆನಲ್ಲ ಎಂದು ರಹಿಮಾಬಿಗೆ ಕೆಡುಕೆನಿಸಿತು. ಸಂಗಮೇಶ ಹೋದಮೇಲೆ ನಕ್ಷೆ ಹಾಸಿಕೊಂಡು ಕೂತರು. ಮನೆ ಕಟ್ಟುವ ಪ್ಲಾಟುಗಳಲ್ಲೇ ಮೂಲೆಯದೊಂದನ್ನು ಸಂಘ ತನ್ನ ಕಚೇರಿಗೆಂದು ಇಟ್ಟುಕೊಂಡಿತ್ತು. ಕಚೇರಿಯೋ ಬಸ್ ಸ್ಟ್ಯಾಂಡ್ ಹತ್ತಿರದ ಬಾಡಿಗೆ ಕೋಣೆಯಲ್ಲಿ ಹಾಯಾಗಿತ್ತು. ಕಟ್ಟಿಸುವ ಮಾತನ್ನು ಇಪ್ಪತ್ತು ವರ್ಷದಲ್ಲಿ ಯಾರೂ ಎತ್ತಿರಲಿಲ್ಲ.

ರಹಿಮಾಬಿ ಮನೆಮನೆಗೆ ಹೋಗಿ ಸಹಿ ಕೂಡಿಸಿದರು. ನನ್ನ ಸಹಿಯೂ ಅದರಲ್ಲಿದೆ. ಸಂಘದ ವಾರ್ಷಿಕ ಸಭೆಯಲ್ಲಿ ಆ ಮೂಲೆ ಪ್ಲಾಟನ್ನು ಸಂಗಮೇಶರಿಗೆ ಕೊಡಬೇಕೆಂದು ಎದ್ದು ಹೇಳಿದಾಗ ಅಧ್ಯಕ್ಷರು ಕೆರಳಿದರು.

“ನಿಮ್ಮ ಎದುರ ಪಾರ್ಟಿ ಸಲುವಾಗಿ ನೀವ ಮಾತಾಡಾಕತ್ತೀರಿ?”

“ಎದುರ ಪಾರ್ಟಿ ಕೋರ್ಟಿನ್ಯಾಗರಿ. ಇಲ್ಲೆ ಅವ್ರೂ ಮೆಂಬರ್, ನಾನೂ ಮೆಂಬರ್. ತಪ್ಪು ಹಂಚಿದವ್ರು ಯಾರು ಅನ್ನೂದು ಆಮ್ಯಾಲ ಕೇಳೂನು. ಮದಲ ಅವ್ರಿಗೊಂದು ಜಾಗಾ ಕೊಡ್ರಿ.”

ಕೈ ಎತ್ತಿರೆಂದಾಗ ಅಧ್ಯಕ್ಷರ ಪಕ್ಕದಲ್ಲಿ ಕೂತವರೂ ಎತ್ತಿದರು. ಮುಂದಿನ ಲೋಕ ಅದಾಲತ್ತಿನಲ್ಲಿ ರಾಜಿಯಾಯಿತು. ಉದ್ಯಾನದಲ್ಲಿ ಯಾರೂ ಎಂದೂ ಮನೆ ಕಟ್ಟಕೂಡದೆಂದು ಡಿಕ್ರಿಯಲ್ಲಿ ಬರೆದುಕೊಟ್ಟರು. ಹೊರಗೆ ಬಂದ ಮೇಲೆ ಇಬ್ಬರೂ ಒಂದೇ ಅಂಗಡಿಯಲ್ಲಿ ಮಿರ್ಚಿ ಭಜಿ ತಿಂದರು.

ಮೂಲೆ ಪ್ಲಾಟಿನಲ್ಲಿ ಸಂಗಮೇಶರ ಮನೆ ಹೋದ ವರ್ಷ ಮುಗಿಯಿತು. ವಾಸ್ತುಶಾಂತಿಯ ದಿನ ಅವರ ಹೆಂಡತಿ ರಹಿಮಾಬಿಯವರಿಗೆ ಇಳಕಲ್ ಸೀರೆ ಕೊಟ್ಟು ಉಡಿ ತುಂಬಿದರು. ಅಧ್ಯಕ್ಷರು ಮುಂದಿನ ಚುನಾವಣೆಗೆ ನಿಲ್ಲಲಿಲ್ಲ. ನೀವೇ ನಿಲ್ಲಿರಿ ಎಂದು ನಾವು ನರ್ಸಬಾಯಾರಿಗೆ ಗಂಟು ಬಿದ್ದೆವು. “ಆ ಮೀಟಿಂಗ್ ಎಲ್ಲಾ ನನಗ ಒಗ್ಗಂಗಿಲ್ಲ” ಎಂದು ಕೈ ಮುಗಿದರು.

ಈಗ ಉದ್ಯಾನದಲ್ಲಿ ಹದಿನಾಲ್ಕು ಸಸಿಗಳಿವೆ. ಹೊಂಗೆ ರಹಿಮಾಬಿಯವರ ಆಯ್ಕೆ. ಬೇವು ಸಂಗಮೇಶ ತಮ್ಮೂರು ಗೊಳಸಂಗಿಯಿಂದ ತಂದದ್ದು. ಯಾವುದು ಬೇಗ ನೆರಳು ಕೊಡುತ್ತದೆ ಎಂಬ ವಾದ ಅವರಿಬ್ಬರ ನಡುವೆ ಇನ್ನೂ ತೀರಿಲ್ಲ. ಡ್ಯೂಟಿ ಮಧ್ಯಾಹ್ನವಿದ್ದ ದಿನ ಡ್ರೈವರ್ ಸಾಹೇಬರು ನೀರಿನ ಪೈಪು ಹಿಡಿದು ನಿಂತಿರುತ್ತಾರೆ. ನರ್ಸಬಾಯಾರು ಸುತ್ತು ಹಾಕುತ್ತ, ಯಾವ ಸಸಿಗೆ ನೀರು ಕಡಿಮೆಯಾಯಿತೆಂದು ಅಲ್ಲಿಂದಲೇ ಕೂಗಿ ಹೇಳುತ್ತಾರೆ.