ದಡದಲ್ಲೇ ಉಳಿದ ಕುರಿ

ನನ್ನ ಗಂಡ ಗೌರೀಶ್ ಮುಂಗೋಪಿ ಎಂದು ಸರಗೂರಿನಲ್ಲಿ ಯಾರನ್ನು ಕೇಳಿದರೂ ಹೇಳುತ್ತಾರೆ. ನನ್ನ ಸಿಟ್ಟಿನ ಸುದ್ದಿ ಯಾರೂ ಎತ್ತುವುದಿಲ್ಲ, ಅದು ಮನೆಯೊಳಗೇ ಖರ್ಚಾಗುತ್ತದೆ.

ಅವರು ಕಾಲೇಜಿನಲ್ಲಿ ಇಂಗ್ಲಿಷ್ ಉಪನ್ಯಾಸಕರು. ಮೈಸೂರಿನಲ್ಲಿ ಓದುವಾಗ ಒಬ್ಬ ಮುದಿ ಪಾದ್ರಿಯ ಹತ್ತಿರ ಲ್ಯಾಟಿನ್ ಕಲಿತರು. ಕೊರಳಲ್ಲಿ ಲಿಂಗ, ಬಾಯಲ್ಲಿ ಲ್ಯಾಟಿನ್ ಎಂದು ನಮ್ಮ ಮಾವ ಪುಟ್ಟಮಲ್ಲಪ್ಪ ಹಂಗಿಸುತ್ತಿದ್ದರು. ಗ್ರೀಕರ ವೈದ್ಯವನ್ನು ರೋಮಿನವರು ಲ್ಯಾಟಿನ್‌ನಲ್ಲಿ ಬರೆದಿಟ್ಟಿದ್ದಾರಲ್ಲ, ಇಪ್ಪತ್ತು ವರ್ಷದಿಂದ ಇವರು ಓದುತ್ತಿರುವುದು ಅದನ್ನೇ. ಅದರಲ್ಲೊಂದು ಕಡೆ ಗಾಯಕ್ಕೆ ತೊಳೆಯದ ಕುರಿ ಉಣ್ಣೆ ಕಟ್ಟಬೇಕು ಎಂದಿದೆಯಂತೆ. ಕೊಳಕು ಉಣ್ಣೆ ಕಟ್ಟುವುದು ಬರೀ ಮೂಢನಂಬಿಕೆ ಎಂದು ಇವರು ಓದಿದ ವಿದ್ವಾಂಸರೆಲ್ಲ ತಳ್ಳಿಹಾಕಿದ್ದರು.

ನಮ್ಮ ಎತ್ತಿನ ಹೆಗಲು ನೊಗಕ್ಕೆ ಉಜ್ಜಿ ಹುಣ್ಣಾದ ವರ್ಷ ಕುರಿ ಕಾಯುವ ಮಂಟಯ್ಯ ಬಂದು ಮದ್ದು ಕಟ್ಟಿದ. ಉಣ್ಣೆ ಕತ್ತರಿಸುವ ಮೊದಲು ಕುರಿಗಳನ್ನೆಲ್ಲ ಕೆರೆಗೆ ಇಳಿಸಿ ಮೈ ತೊಳೆಯುವುದು ವಾಡಿಕೆ. ಮಂಟಯ್ಯ ಮಾತ್ರ ಒಂದು ಕುರಿಯನ್ನು ದಡದಲ್ಲೇ ಬಿಡುತ್ತಾನೆ. ಎತ್ತಿನ ಹುಣ್ಣಿಗೆ ಕಟ್ಟಿದ್ದು ಅದರ ಉಣ್ಣೆಯನ್ನೇ.

"ಅದು ಮದ್ದಿನ್ ಕುರಿ. ನೀರಿಗೆ ಬುಟ್ರೆ ಜಿಡ್ಡು ಓಯ್ತದೆ. ಆ ಜಿಡ್ಡೇ ಮದ್ದು ಕಣ್ರೀ ಮೇಷ್ಟ್ರೇ" ಎಂದ.

ಹುಣ್ಣು ಮಾಯಿತು. ಇವರು ತಿಂಗಳುಗಟ್ಟಲೆ ಅವನ ಹಿಂದೆ ಸುತ್ತಿ ಎಲ್ಲ ಬರೆದುಕೊಂಡರು. ರೋಮಿನ ವೈದ್ಯ ಹೇಳಿದ್ದೂ ಇದನ್ನೇ ಎಂದು ಲೇಖನ ಮಾಡಿ ಹೊರರಾಜ್ಯದ ಒಬ್ಬ ಪ್ರೊಫೆಸರಿಗೆ ಕಳಿಸಿದರು.

ಮೂರು ವರ್ಷ ಸುದ್ದಿಯಿಲ್ಲ. ಕಳೆದ ತಿಂಗಳು ಆ ಪ್ರೊಫೆಸರರ ಪುಸ್ತಕ ಬಂತು. ಇವರ ಲೇಖನ ಪೂರ್ತಿ ಅದರ ಹೊಟ್ಟೆಯಲ್ಲಿತ್ತು. ಅಡಿಟಿಪ್ಪಣಿಯಲ್ಲಿ 'ಮೈಸೂರು ಕಡೆಯ ಗ್ರಾಮೀಣ ಉಪನ್ಯಾಸಕರೊಬ್ಬರು ತಿಳಿಸಿದಂತೆ' ಎಂದಷ್ಟೇ ಇತ್ತು.

"ಕಳ್ಳ ನನ್ಮಗ. ನಂಗೊಂದ್ ಎಸ್ರಿಲ್ವಾ ಚೈತ್ರಾ?" ಎಂದು ಊಟದ ತಟ್ಟೆಯನ್ನು ಅಂಗಳಕ್ಕೆ ಎಸೆದರು.

ನನಗೂ ಮೈ ಉರಿಯಿತು. ಇಪ್ಪತ್ತು ವರ್ಷದ ಭಾನುವಾರಗಳನ್ನು ಆ ಲ್ಯಾಟಿನ್ನಿಗೆ ಬಿಟ್ಟುಕೊಟ್ಟವಳು ನಾನು. ಪ್ರಕಾಶಕರಿಗೆ ಕಾಗದ ಬರೆಯೋಣ, ಸಾಕ್ಷಿಗೆ ನಿಮ್ಮ ಲೇಖನ ಕೊಡಿ ಎಂದು ಟೈಪ್ ಮಾಡಲು ಕೂತೆ.

ಅದನ್ನು ನಾನು ಓದಿದ್ದು ಅದೇ ಮೊದಲು. ಏಳನೇ ಪುಟದಲ್ಲಿ ಕೈ ನಿಂತಿತು. 'ಸ್ಥಳೀಯ ಕುರಿಗಾಹಿಯೊಬ್ಬ ತಿಳಿಸಿದಂತೆ' ಎಂದಿತ್ತು. ಕೊನೆಯವರೆಗೂ ಹುಡುಕಿದೆ. ಮಂಟಯ್ಯನ ಹೆಸರು ಎಲ್ಲೂ ಇಲ್ಲ.

ತಲೆಯೆತ್ತಿದರೆ ಜಗಲಿಯಲ್ಲಿ ಮಂಟಯ್ಯನೇ ನಿಂತಿದ್ದ. ಪುಸ್ತಕ ಬಂದ ಸುದ್ದಿ ಕೇಳಿ ಮಡಿ ಪಂಚೆ ಉಟ್ಟು ಬಂದಿದ್ದ.

"ನನ್ನೆಸ್ರು ಎಲ್ಲೈತೆ, ಒಸಿ ತೋರ್ಸಿ ಮೇಷ್ಟ್ರೇ."

ಇವರು ಪ್ರೊಫೆಸರನ್ನು ಬೈಯಲು ಶುರುಮಾಡಿದರು. ನನಗೆ ತಡೆಯಲಾಗಲಿಲ್ಲ.

"ಅವ್ರನ್ನ ಆಮೇಲೆ ಬೈಯೋರಂತೆ ರೀ. ಮೊದ್ಲು ನೀವು ಬರ್ದಿರೋದ್ನ ಓದಿ" ಎಂದು ಏಳನೇ ಪುಟವನ್ನು ಕೈಗೆ ತುರುಕಿದೆ.

ಕನ್ನಡ ಮಾಡಿ ಗಟ್ಟಿಯಾಗಿ ಓದಿದರು. 'ಕುರಿಗಾಹಿಯೊಬ್ಬ' ಎಂಬಲ್ಲಿಗೆ ನಿಲ್ಲಿಸಿ ಪುಟ ಮಡಿಚಿದರು. ಮಂಟಯ್ಯ ಮೆಟ್ಟು ಮೆಟ್ಟಿಕೊಂಡ.

"ಮುಂದ್ಲ ಸಲ ಎತ್ಗೆ ಗಾಯ ಆದ್ರೆ ಆ ಕಾಗ್ದನೇ ಕಟ್ಕಳಿ" ಎಂದು ಹೇಳಿ ಅಂಗಳ ದಾಟಿದ.